ಕೇಳಲು ನೀವು ಯಾರು? ಅಂಗಡಿಯ ಸನ್ನದು, ನೆರೆಹೊರೆಯವರು ಮತ್ತು ನ್ಯಾಯಾಲಯದ ಹೊಸ್ತಿಲು

(ಕಲಬುರಗಿ ನಗರದಂಚಿನ ಕೋಟನೂರದಲ್ಲಿ ಗ್ರಾಮಸ್ಥರು ಹಾಗೂ ವಿದ್ಯಾರ್ಥಿಗಳ ಮುಂದೆ ನೀಡಿದ ಉಪನ್ಯಾಸದ ಪಠ್ಯ)



ಬೆಟ್ಟದ ಸೀಮೆಯ ಬಳಗವೊಂದಕ್ಕೂ ಕೋಟನೂರದ ಎರೆಭೂಮಿಗೂ ಏನು ಸಂಬಂಧವೆಂದು ಯಾರಾದರೂ ಕೇಳಿದರೆ ಅದು ಅನುಚಿತವಾದ ಪ್ರಶ್ನೆಯಲ್ಲ. ಇಂದಿನ ಮಾತೆಲ್ಲ ಇರುವುದೇ ಆ ಪ್ರಶ್ನೆಯ ಸುತ್ತ. ಶಾಲೆಯ ಪಕ್ಕದಲ್ಲಿ ಮದ್ಯದ ಅಂಗಡಿಗೆ ಸನ್ನದು ಕೊಟ್ಟದ್ದೇಕೆಂದು ಕೇಳಲು ಹೆಣ್ಣುಮಗಳೊಬ್ಬಳು ಕಚೇರಿಯ ಮೆಟ್ಟಿಲು ಹತ್ತಿದಳೆನ್ನಿ. ಮೇಜಿನ ಆಚೆಯಿಂದ ಬರುವ ಮೊದಲ ಮಾತು ಅಂಗಡಿಯ ಕುರಿತಾಗಿರುವುದಿಲ್ಲ, ಆಕೆಯ ಕುರಿತಾಗಿರುತ್ತದೆ. ‘ನಿಮಗೇನಮ್ಮ ಸಂಬಂಧ? ಅಂಗಡಿ ನಿಮ್ಮ ಜಾಗದಲ್ಲಿದೆಯೇ? ಅರ್ಜಿ ಹಾಕಿದವರು ನೀವೇ?’ ಇದೇ ಪ್ರಶ್ನೆ ಉಚ್ಚ ನ್ಯಾಯಾಲಯದಲ್ಲಿಯೂ ಎದುರಾಗುತ್ತದೆ. ಅಲ್ಲಿ ಅದಕ್ಕೆ ಲೋಕಸ್ ಸ್ಟ್ಯಾಂಡೈ ಎಂಬ ಲ್ಯಾಟಿನ್ ಹೆಸರಿದೆ. ನಿಂತು ಕೇಳುವ ಹಕ್ಕು ಎಂದು ಕನ್ನಡದಲ್ಲಿ ಸರಳವಾಗಿ ಹೇಳಬಹುದು. ಸರ್ಕಾರದ ತೀರ್ಮಾನವೊಂದು ತಪ್ಪೆಂದು ಸಾಧಿಸುವ ಮೊದಲು, ಅದು ತಪ್ಪೆಂದು ಹೇಳಲು ತನಗೆ ಅಧಿಕಾರವಿದೆಯೆಂದು ಅರ್ಜಿದಾರನು ಸಾಧಿಸಬೇಕು. ಎಷ್ಟೋ ನ್ಯಾಯವಾದ ಅಹವಾಲುಗಳು ಈ ಹೊಸ್ತಿಲಿನಲ್ಲಿಯೇ ಎಡವಿ ಬಿದ್ದಿವೆ.

ಕಲಬುರಗಿ ಬೆಳೆಯುತ್ತ ಕೋಟನೂರವನ್ನು ತನ್ನೊಳಗೆ ಸೇರಿಸಿಕೊಳ್ಳುತ್ತಿದೆ. ಅತ್ತ ಕಮಲಾಪುರ, ಚಿಂಚೋಳಿಗಳ ಗುಡ್ಡಸಾಲಿನ ತಾಂಡಾಗಳಿಗೂ, ದೂರದ ಮಲೆನಾಡಿನ ಕೇರಿಗಳಿಗೂ ಡಾಂಬರು ರಸ್ತೆ ಮುಟ್ಟಿದೆ. ನಗರವೇ ಊರಿಗೆ ಬರಲಿ, ರಸ್ತೆಯೇ ಬೆಟ್ಟಕ್ಕೆ ಏರಲಿ, ಅದರ ಹಿಂದೆಯೇ ಬರುವ ಕಾಗದವೆಂದರೆ ಸನ್ನದು. ಮದ್ಯದಂಗಡಿಯ ಸನ್ನದು, ನ್ಯಾಯಬೆಲೆ ಅಂಗಡಿಯ ಪ್ರಾಧಿಕಾರಪತ್ರ, ಹಿಟ್ಟಿನ ಗಿರಣಿಯ ಪರವಾನಿಗೆ, ಕಲ್ಲುಪುಡಿ ಘಟಕದ ಅನುಮತಿ. ಈ ಎಲ್ಲ ಕಡತಗಳಲ್ಲಿ ಕಾಣುವ ಪಕ್ಷಗಳು ಎರಡೇ: ಕೇಳಿದವನು ಮತ್ತು ಕೊಟ್ಟವನು. ಆ ಅಂಗಡಿಯ ಮುಂದೆ ದಿನವೂ ಹಾದುಹೋಗುವ ಮಗುವಿನ ಹೆಸರು, ಗಿರಣಿಯ ಹೊಟ್ಟು ಬೀಳುವ ಅಂಗಳದ ಹೆಸರು ಅಲ್ಲಿರುವುದಿಲ್ಲ. ಈ ಮೂರನೆಯವನಿಗೆ ಬಾಯಿ ಉಂಟೇ ಎಂಬುದೇ ವಿಚಾರ.

ಇದಕ್ಕೆ ಉತ್ತರ ಹುಡುಕಲು ದೂರ ಹೋಗಬೇಕಾದುದಿಲ್ಲ. ಅಂದಿನ ಮೈಸೂರು ರಾಜ್ಯದಿಂದಲೇ, ನಾಲ್ಕು ವರ್ಷಗಳ ಅಂತರದಲ್ಲಿ, ಎರಡು ಮೊಕದ್ದಮೆಗಳು ಸರ್ವೋಚ್ಚ ನ್ಯಾಯಾಲಯದವರೆಗೆ ಹೋದವು. ಒಂದರಲ್ಲಿ ಬಾಗಿಲು ಮುಚ್ಚಿತು, ಇನ್ನೊಂದರಲ್ಲಿ ತೆರೆಯಿತು. ಎರಡನ್ನೂ ಒಟ್ಟಿಗೆ ಇಟ್ಟು ನೋಡಿದವರಿಗೆ ಮಾತ್ರ ಕಾನೂನಿನ ನಡೆ ತಿಳಿಯುತ್ತದೆ.

ಮೊದಲನೆಯದು 1970ರದು. ನಗರ್ ರೈಸ್ ಅಂಡ್ ಫ್ಲೋರ್ ಮಿಲ್ಸ್ ಹಾಗೂ ಎನ್. ಟೀಕಪ್ಪ ಗೌಡ ಅಂಡ್ ಬ್ರದರ್ಸ್ ನಡುವಿನ ವ್ಯಾಜ್ಯವೆಂದು ಅದು ಕಾನೂನು ವರದಿಗಳಲ್ಲಿ ಪ್ರಸಿದ್ಧವಾಗಿದೆ. ಆಗ 1958ರ ಅಕ್ಕಿ ಗಿರಣಿ ಉದ್ಯಮ ನಿಯಂತ್ರಣ ಕಾಯಿದೆ ಜಾರಿಯಲ್ಲಿತ್ತು. ಗಿರಣಿಯನ್ನು ಒಂದೆಡೆಯಿಂದ ಇನ್ನೊಂದೆಡೆಗೆ ಸ್ಥಳಾಂತರಿಸಬೇಕಾದರೆ ಸರ್ಕಾರದ ಪೂರ್ವಾನುಮತಿ ಪಡೆಯಬೇಕೆಂದು ಆ ಕಾಯಿದೆ ವಿಧಿಸಿತ್ತು. ಒಂದು ಗಿರಣಿಯ ಸ್ಥಳಾಂತರಕ್ಕೆ ಅನುಮತಿ ದೊರೆಯಿತು. ಅದೇ ಪ್ರದೇಶದ ಮತ್ತೊಂದು ಗಿರಣಿಯವರು, ಈ ಅನುಮತಿ ಕಾಯಿದೆಗೆ ವಿರುದ್ಧವೆಂದು ಉಚ್ಚ ನ್ಯಾಯಾಲಯಕ್ಕೆ ಹೋಗಿ ಗೆದ್ದರು. ಸರ್ವೋಚ್ಚ ನ್ಯಾಯಾಲಯವು ಆ ಗೆಲುವನ್ನು ತಿರುಗಿಸಿತು. ಅನುಮತಿಯಲ್ಲಿ ದೋಷವಿದೆಯೆಂದೇ ಇಟ್ಟುಕೊಂಡರೂ ಪ್ರತಿಸ್ಪರ್ಧಿಯ ಯಾವ ಹಕ್ಕಿಗೂ ಅದರಿಂದ ಚ್ಯುತಿ ಬಂದಿಲ್ಲ, ವ್ಯಾಪಾರ ಮಾಡುವ ಹಕ್ಕಿನಲ್ಲಿ ಪೈಪೋಟಿಯಿಂದ ಮುಕ್ತನಾಗಿರುವ ಹಕ್ಕು ಸೇರಿಲ್ಲ ಎಂಬುದು ಅದರ ನಿಲುವಿನ ಸಾರ.

ಐದು ವರ್ಷಗಳ ಬಳಿಕ, 1975ರ ಡಿಸೆಂಬರಿನಲ್ಲಿ, ಗುಜರಾತಿನ ಮೆಹಮದಾಬಾದಿನ ಚಿತ್ರಮಂದಿರದ ಪ್ರಕರಣದಲ್ಲಿ ಇದೇ ತತ್ತ್ವ ಇನ್ನಷ್ಟು ವಿಸ್ತಾರವಾಗಿ ಬಂತು. ಜಸ್‌ಭಾಯಿ ಮೋತಿಭಾಯಿ ದೇಸಾಯಿ ಪ್ರಕರಣವೆಂದು ಅದರ ಹೆಸರು. ಊರಿನಲ್ಲಿ ಮೊದಲೇ ಚಿತ್ರಮಂದಿರವಿದ್ದವರು ಹೊಸದೊಂದಕ್ಕೆ ನೀಡಿದ ನಿರಾಕ್ಷೇಪಣಾ ಪತ್ರವನ್ನು ಪ್ರಶ್ನಿಸಿದ್ದರು. ನ್ಯಾಯಾಲಯವು ಅರ್ಜಿದಾರರನ್ನು ಮೂರು ಬಗೆಯಾಗಿ ವಿಂಗಡಿಸಿತು: ನಿಜವಾಗಿ ಬಾಧಿತನಾದವನು, ಸಂಬಂಧವಿಲ್ಲದ ಪರಕೀಯನು, ಮತ್ತು ಊರ ಉಸಾಬರಿಯೆಲ್ಲ ತನ್ನದೆಂದು ತಲೆಹಾಕುವವನು. ವ್ಯಾಪಾರ ಕಡಿಮೆಯಾದೀತೆಂಬ ಭಯವೊಂದರಿಂದಲೇ ಒಬ್ಬನು ಬಾಧಿತನಾಗುವುದಿಲ್ಲವೆಂದು ಹೇಳಿ ಅರ್ಜಿಯನ್ನು ತಳ್ಳಿತು. ಸಾರ್ವಜನಿಕರಿಂದ ಆಕ್ಷೇಪಣೆ ಕರೆದಾಗ ಆತನು ಸುಮ್ಮನಿದ್ದುದನ್ನೂ ನ್ಯಾಯಾಲಯವು ಗಮನಿಸಿತು. ಈ ಸಣ್ಣ ಸಂಗತಿಯನ್ನು ವಿದ್ಯಾರ್ಥಿಗಳು ನೆನಪಿನಲ್ಲಿಡಬೇಕು. ಆಕ್ಷೇಪಣೆ ಕರೆದ ಜಾಹೀರಾತು ಗೋಡೆಯ ಮೇಲಿದ್ದಾಗ ಓದದೆ ಹೋದವನ ಮಾತಿಗೆ ಮುಂದೆ ತೂಕ ಕಡಿಮೆ.

ಈ ತೀರ್ಪುಗಳನ್ನು ಓದಿ, ನ್ಯಾಯಾಲಯವು ಸರ್ಕಾರದ ಅಕ್ರಮಕ್ಕೆ ಕಣ್ಣುಮುಚ್ಚಿತೆಂದು ಸಿಟ್ಟಾಗುವವರುಂಟು. ಆ ಸಿಟ್ಟು ಪೂರ್ತಿ ಸರಿಯಲ್ಲ. ಬೆಟ್ಟದೂರಿನಲ್ಲಿ ಒಂದೇ ಕಿರಾಣಿ ಅಂಗಡಿ ಇದ್ದಾಗ ಬೆಲ್ಲದ ಬೆಲೆ ಎಷ್ಟಿತ್ತು, ಎರಡನೆಯದು ಬಂದಾಗ ಎಷ್ಟಾಯಿತು ಎಂಬುದನ್ನು ಅಲ್ಲಿನ ಹೆಂಗಸರು ಕಾನೂನು ಪಂಡಿತರಿಗಿಂತ ಚೆನ್ನಾಗಿ ಬಲ್ಲರು. ಮೊದಲು ಬಂದವನು ಎರಡನೆಯವನ ಪರವಾನಿಗೆಯ ವಿರುದ್ಧ ವರ್ಷಗಟ್ಟಲೆ ದಾವೆ ಹೂಡುವಂತಿದ್ದರೆ, ಹಣವುಳ್ಳವನ ಏಕಸ್ವಾಮ್ಯಕ್ಕೆ ಕಾನೂನೇ ಕಾವಲುಗಾರನಾಗುತ್ತಿತ್ತು. ಹೊಸದಾಗಿ ಅಂಗಡಿ ತೆರೆಯುವವನು ಅನೇಕ ವೇಳೆ ಬಡವ. ಅವನನ್ನು ಕೋರ್ಟಿನ ಕಂಬಕ್ಕೆ ಕಟ್ಟುವ ಅಸ್ತ್ರ ಪ್ರತಿಸ್ಪರ್ಧಿಯ ಕೈಯಲ್ಲಿಲ್ಲದಿರುವುದು ಒಳ್ಳೆಯದೇ. ನ್ಯಾಯಬೆಲೆ ಅಂಗಡಿಯ ವಿಷಯದಲ್ಲಿಯೂ ಕಾನೂನು ಇದೇ ದಾರಿ ಹಿಡಿದಿದೆ. ಒಬ್ಬ ವಿತರಕನ ಪ್ರಾಧಿಕಾರ ರದ್ದಾಗಿ, ಆ ಸ್ಥಾನಕ್ಕೆ ಬೇರೊಬ್ಬನು ಬಂದು, ಮೊದಲನೆಯವನು ಮೇಲ್ಮನವಿಯಲ್ಲಿ ಗೆದ್ದರೆ, ನಡುವೆ ಬಂದವನಿಗೆ ಸ್ವತಂತ್ರ ಹಕ್ಕಿಲ್ಲವೆಂದು ಉತ್ತರಪ್ರದೇಶದ ಪೂನಂ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು 2015ರಲ್ಲಿ ಹೇಳಿತು.

ಇನ್ನು ಎರಡನೆಯ ಮೊಕದ್ದಮೆ. ಅದು ಉಡುಪಿಯದು. ಕೆ. ರಾಮದಾಸ ಶೆಣೈ ಹಾಗೂ ಉಡುಪಿ ಪುರಸಭೆಯ ನಡುವಿನ ಆ ಪ್ರಕರಣದ ತೀರ್ಪು ಬಂದದ್ದು 1974ರಲ್ಲಿ. ಪಟ್ಟಣದ ಒಂದು ಭಾಗವನ್ನು ನಗರಯೋಜನೆಯಲ್ಲಿ ವಸತಿ ಪ್ರದೇಶವೆಂದು ಗುರುತಿಸಲಾಗಿತ್ತು. ಅಲ್ಲಿ ಕಲ್ಯಾಣಮಂಟಪ ಹಾಗೂ ಉಪನ್ಯಾಸ ಮಂದಿರ ಕಟ್ಟುವುದಾಗಿ ಹೇಳಿ ಒಬ್ಬರು ಪುರಸಭೆಯ ಅನುಮತಿ ಪಡೆದರು. ಆ ಬಳಿಕ ಅದನ್ನು ಚಿತ್ರಮಂದಿರವನ್ನಾಗಿ ಮಾರ್ಪಡಿಸಲು ಅನುಮತಿ ಕೇಳಿದರು. ಪುರಸಭೆ ಕೊಟ್ಟಿತು. ಕಲ್ಯಾಣಮಂಟಪವೆಂದು ಹೊಕ್ಕು ಬೇರೇನೋ ಆಗಿ ನಿಲ್ಲುವ ಕಟ್ಟಡಗಳು ಇಂದಿಗೂ ಅಪರೂಪವಲ್ಲ, ಹಾಗಾಗಿ ಕಥೆ ಹಳೆಯದೆಂದು ಯಾರೂ ತಿಳಿಯಬೇಕಾಗಿಲ್ಲ. ಅದೇ ಪ್ರದೇಶದ ನಿವಾಸಿಯೊಬ್ಬರು ಇದನ್ನು ಪ್ರಶ್ನಿಸಿದರು. ಅವರಿಗೆ ಚಿತ್ರಮಂದಿರವಿರಲಿಲ್ಲ, ಅಂಗಡಿಯಿರಲಿಲ್ಲ, ಸನ್ನದಿಗೆ ಅರ್ಜಿಯನ್ನೂ ಹಾಕಿರಲಿಲ್ಲ. ಅವರು ಅಲ್ಲಿ ವಾಸವಾಗಿದ್ದರು, ಅಷ್ಟೆ.

ಉಚ್ಚ ನ್ಯಾಯಾಲಯವು ಪುರಸಭೆಯ ನಿರ್ಣಯವು ಯೋಜನೆಗೆ ವಿರುದ್ಧವೆಂದು ಕಂಡುಕೊಂಡರೂ, ಕಟ್ಟಿಸಿದವರು ಈಗಾಗಲೇ ಹಣ ವ್ಯಯಿಸಿರಬಹುದೆಂಬ ಕಾರಣಕ್ಕೆ ಅದನ್ನು ಮುಟ್ಟಲಿಲ್ಲ. ಸರ್ವೋಚ್ಚ ನ್ಯಾಯಾಲಯ ಇದನ್ನು ಒಪ್ಪಲಿಲ್ಲ. ವಸತಿ ಪ್ರದೇಶವು ಅಕ್ರಮ ನಿರ್ಮಾಣದಿಂದ ಹಾಳಾಗದಂತೆ ನೋಡಿಕೊಳ್ಳುವುದು ಪುರಸಭೆಯ ಸಾರ್ವಜನಿಕ ಕರ್ತವ್ಯ. ಆ ಕರ್ತವ್ಯವಿರುವುದು ಅಲ್ಲಿನ ನಿವಾಸಿಗಳ ಸಲುವಾಗಿ. ಆದುದರಿಂದ ಅದು ಪಾಲನೆಯಾಗದಿದ್ದರೆ ಕೇಳುವ ಹಕ್ಕು ನಿವಾಸಿಗಿದೆ. ಕಾಯಿದೆ ಕೊಡದ ಅಧಿಕಾರವನ್ನು ಚಲಾಯಿಸಿದ ತಪ್ಪು, ಹಣ ಖರ್ಚಾಯಿತೆಂಬ ಕಾರಣಕ್ಕಾಗಲಿ ಯಾರೋ ಸುಮ್ಮನಿದ್ದರೆಂಬ ಕಾರಣಕ್ಕಾಗಲಿ ಸರಿಯಾಗುವುದಿಲ್ಲ. ಹೀಗೆ ಹೇಳಿ ನ್ಯಾಯಾಲಯವು ಅನುಮತಿಯನ್ನು ರದ್ದುಗೊಳಿಸಿತು.

ಗಿರಣಿಯವರು ಸೋತದ್ದೇಕೆ, ಉಡುಪಿಯ ನಿವಾಸಿ ಗೆದ್ದದ್ದೇಕೆ? ಎರಡೂ ಕಡೆ ನಿಯಮದ ಉಲ್ಲಂಘನೆಯ ದೂರು ಇತ್ತು. ವ್ಯತ್ಯಾಸವಿದ್ದುದು ಉಲ್ಲಂಘನೆಯಲ್ಲಲ್ಲ, ನಿಯಮ ಯಾರ ರಕ್ಷಣೆಗಾಗಿ ಹುಟ್ಟಿದೆ ಎಂಬುದರಲ್ಲಿ. ಗಿರಣಿಯ ಸ್ಥಳಾಂತರಕ್ಕೆ ಅನುಮತಿ ಬೇಕೆಂಬ ನಿಯಮ ಇನ್ನೊಬ್ಬ ಗಿರಣಿಗಾರನ ಲಾಭವನ್ನು ಕಾಯಲು ಬಂದದ್ದಲ್ಲ. ವಸತಿ ಪ್ರದೇಶದ ನಿಯಮವಾದರೋ ಅಲ್ಲಿ ಮಲಗಿ ಏಳುವವರನ್ನು ಕಾಯಲೆಂದೇ ಬಂದದ್ದು. ಕಚೇರಿಯ ಮೇಜಿನಾಚೆಯಿಂದ ‘ನಿಮಗೇನು ಸಂಬಂಧ’ ಎಂಬ ಪ್ರಶ್ನೆ ಬಂದಾಗ ‘ಈ ಅಂಗಡಿ ಕೆಟ್ಟದ್ದು’ ಎಂಬ ಉತ್ತರ ಸಾಲದು. ‘ಈ ನಿಯಮವಿರುವುದು ನನ್ನಂಥವರಿಗಾಗಿ’ ಎಂಬ ಉತ್ತರ ಬೇಕು. ಅಹವಾಲು ಬರೆಯುವವರಲ್ಲಿ ಹೆಚ್ಚಿನವರು ಮೊದಲನೆಯ ಉತ್ತರವನ್ನು ನಾಲ್ಕು ಪುಟ ಬರೆದು, ಎರಡನೆಯದನ್ನು ಮರೆಯುತ್ತಾರೆ.

ಮದ್ಯದ ಅಂಗಡಿಯ ವಿಷಯದಲ್ಲಿ ಅಂಥ ನಿಯಮ ಕರ್ನಾಟಕದಲ್ಲಿ ಸ್ಪಷ್ಟವಾಗಿಯೇ ಇದೆ. 1965ರ ಕರ್ನಾಟಕ ಅಬಕಾರಿ ಕಾಯಿದೆಯಡಿ 1967ರಲ್ಲಿ ಸನ್ನದುಗಳ ಸಾಮಾನ್ಯ ಷರತ್ತುಗಳ ನಿಯಮಗಳು ಬಂದವು. ಅದರ 5ನೆಯ ನಿಯಮವು ಅಂಗಡಿ ಎಲ್ಲಿರಬಾರದೆಂದು ಹೇಳುತ್ತದೆ: ಧಾರ್ಮಿಕ ಸಂಸ್ಥೆ, ಶಿಕ್ಷಣ ಸಂಸ್ಥೆ, ಆಸ್ಪತ್ರೆ, ಸರ್ಕಾರಿ ಅಥವಾ ಸ್ಥಳೀಯ ಸಂಸ್ಥೆಯ ಕಚೇರಿ ಇವುಗಳಿಂದ 100 ಮೀಟರಿನ ಒಳಗೆ ಇರಬಾರದು. ಪರಿಶಿಷ್ಟ ಜಾತಿ ಅಥವಾ ಪರಿಶಿಷ್ಟ ಪಂಗಡದವರೇ ಹೆಚ್ಚಾಗಿ ವಾಸಿಸುವ ವಸತಿ ಪ್ರದೇಶದಲ್ಲಿಯೂ ಇರಬಾರದು. ಕೆಲವು ಬಗೆಯ ಸನ್ನದುಗಳಿಗೆ ವಿನಾಯಿತಿಗಳುಂಟು. ಅವನ್ನು ನೋಡಿಕೊಳ್ಳದೆ ಅರ್ಜಿ ಬರೆಯಬಾರದು.

ಈ ನಿಯಮದ ಎರಡನೆಯ ಭಾಗದ ಮೇಲೆ ಕಮಲಾಪುರ, ಚಿಂಚೋಳಿ ಕಡೆಯವರು ಬೆರಳಿಟ್ಟು ಓದಬೇಕು. ಕರ್ನಾಟಕದಲ್ಲಿ ಲಂಬಾಣಿ ಸಮುದಾಯವು ಪರಿಶಿಷ್ಟ ಜಾತಿಯ ಪಟ್ಟಿಯಲ್ಲಿದೆ. ತಾಂಡಾ ಎಂದರೆ ಬಹುಪಾಲು ಅವರದೇ ವಸತಿ. ಹೀಗಿರುವಾಗ ತಾಂಡಾದೊಳಗೆ ಮದ್ಯದ ಸನ್ನದು ಬಂದರೆ ಅಲ್ಲಿನ ಯಾವ ಹೆಣ್ಣುಮಗಳೂ ಪರಕೀಯಳಲ್ಲ. ನಿಯಮ ಆಕೆಯ ಹೆಸರು ಹಿಡಿದೇ ಬರೆದಂತಿದೆ. ನಿಂತು ಕೇಳುವ ಹಕ್ಕಿಗೆ ಇದಕ್ಕಿಂತ ಗಟ್ಟಿಯಾದ ನೆಲ ದುರ್ಲಭ. ಹಾಗೆಯೇ ಶಾಲೆಯ ವಿಷಯದಲ್ಲಿ ಶಾಲಾಭಿವೃದ್ಧಿ ಸಮಿತಿಯವರು, ಮಕ್ಕಳ ಪೋಷಕರು ನಿಯಮದ ಆಶ್ರಯದಲ್ಲಿರುವವರು. ಎಲ್ಲೋ ಇರುವ ಮದ್ಯವಿರೋಧಿ ಸಜ್ಜನರೊಬ್ಬರು ಅರ್ಜಿ ಹಾಕುವುದಕ್ಕಿಂತ ಆ ಶಾಲೆಗೆ ಮಗುವನ್ನು ಕಳಿಸುವ ತಾಯಿ ಹಾಕುವುದು ಲೇಸು.

ಅಳತೆಯಲ್ಲಿಯೂ ಒಂದು ಸೂಕ್ಷ್ಮವಿದೆ. ದೂರವನ್ನು ಹಕ್ಕಿ ಹಾರುವ ನೇರದಲ್ಲಿ ಅಳೆಯುವುದಿಲ್ಲ. ಅಂಗಡಿಯ ಬಾಗಿಲ ಮಧ್ಯದಿಂದ, ಪಾದಚಾರಿ ಸಾಮಾನ್ಯವಾಗಿ ನಡೆಯುವ ಅತಿ ಹತ್ತಿರದ ದಾರಿಯಲ್ಲಿ, ಸಂಸ್ಥೆಯ ಬಾಗಿಲಿನವರೆಗೆ ಅಳೆಯುತ್ತಾರೆ. ಬಯಲಿನಲ್ಲಿ ಇದರಿಂದ ಹೆಚ್ಚೇನೂ ಬದಲಾಗದು. ಬೆಟ್ಟದೂರಿನಲ್ಲಿ ಮಾತ್ರ ಇದೇ ಎಲ್ಲವನ್ನೂ ಬದಲಿಸಬಲ್ಲದು. ಹಳ್ಳದ ಈಚೆ ಶಾಲೆ, ಆಚೆ ಅಂಗಡಿ. ಕೂಗಿದರೆ ಕೇಳುತ್ತದೆ, ಆದರೆ ರಸ್ತೆ ಸುತ್ತಿ ಹೋದರೆ ಮೂರು ನಾಲ್ಕು ನೂರು ಮೀಟರು. ಅಧಿಕಾರಿ ರಸ್ತೆಯನ್ನು ಅಳೆಯುತ್ತಾನೆ, ಮಕ್ಕಳು ಕಾಲುಸಂಕದ ಮೇಲೆ ನಡೆಯುತ್ತಾರೆ. ‘ಪಾದಚಾರಿ ಸಾಮಾನ್ಯವಾಗಿ ನಡೆಯುವ ದಾರಿ’ ಎಂದರೆ ಆ ಕಾಲುಸಂಕವೇ ಹೊರತು ಜೀಪು ಹೋಗುವ ರಸ್ತೆಯಲ್ಲವೆಂದು ವಾದಿಸಬೇಕಾದವರು ಊರಿನವರು. ಅಳತೆಯ ದಿನ ಸ್ಥಳದಲ್ಲಿದ್ದು, ಪಂಚನಾಮೆಯಲ್ಲಿ ಆ ದಾರಿಯನ್ನು ಬರೆಯಿಸದೆ ಹೋದರೆ ಮುಂದೆ ನ್ಯಾಯಾಧೀಶರ ಮುಂದಿರುವುದು ಜೀಪಿನ ಅಳತೆ ಮಾತ್ರ.

ಸನ್ನದುದಾರನು ತನಗೂ ವ್ಯಾಪಾರದ ಮೂಲಭೂತ ಹಕ್ಕಿದೆಯೆಂದು ಎದುರುತ್ತರ ಕೊಡಬಹುದು. ಕಿರಾಣಿಯವನಾಗಿದ್ದರೆ ಆ ಮಾತಿಗೆ ಬೆಲೆಯುಂಟು. ಮದ್ಯದ ವ್ಯಾಪಾರ ಮೂಲಭೂತ ಹಕ್ಕಲ್ಲವೆಂಬುದು ಕರ್ನಾಟಕದ್ದೇ ಆದ ಖೋಡೆ ಡಿಸ್ಟಿಲರೀಸ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯದಿಂದ 1990ರ ದಶಕದ ನಡುವೆ ಇತ್ಯರ್ಥವಾಗಿದೆ. ಸನ್ನದೆಂದರೆ ರಾಜ್ಯವು ಷರತ್ತಿನ ಮೇಲೆ ಕೊಟ್ಟ ಸವಲತ್ತು. ಇನ್ನು ಸನ್ನದೇ ಇಲ್ಲದೆ ಕಿರಾಣಿ ಅಂಗಡಿಯ ಗಲ್ಲಾದ ಕೆಳಗಿನಿಂದ ನಡೆಯುವ ಮಾರಾಟದ ಮಾತು ಬೇರೆ. ಅಲ್ಲಿ ಪ್ರಶ್ನಿಸಲು ಸರ್ಕಾರದ ಆದೇಶವೇ ಇರುವುದಿಲ್ಲ. ಅದು ಪೊಲೀಸರಿಗೂ ಅಬಕಾರಿ ಇಲಾಖೆಗೂ ಕೊಡಬೇಕಾದ ದೂರು.

ಬಾಧಿತರಲ್ಲದವರು, ಬಾಧಿತರ ಪರವಾಗಿ ಕೇಳಬಹುದೇ? 1981ರ ಎಸ್.ಪಿ. ಗುಪ್ತಾ ಪ್ರಕರಣದಲ್ಲಿ ಈ ಬಾಗಿಲು ಅಗಲವಾಯಿತು. ಬಡತನ ಅಥವಾ ಅಸಹಾಯಕತೆಯಿಂದ ನ್ಯಾಯಾಲಯಕ್ಕೆ ಬರಲಾಗದವರ ಪರವಾಗಿ ಸದುದ್ದೇಶದ ಯಾವ ಪ್ರಜೆಯೂ ಬರಬಹುದೆಂದು ಆಗ ಹೇಳಲಾಯಿತು. ಸಾರ್ವಜನಿಕ ಹಿತಾಸಕ್ತಿ ಅರ್ಜಿಯೆಂದು ಈಗ ಎಲ್ಲರ ಬಾಯಲ್ಲಿರುವುದು ಅದೇ. ಹತ್ತು ವರ್ಷಗಳ ನಂತರ, 1991ರಲ್ಲಿ, ಬೆಂಗಳೂರು ಮೆಡಿಕಲ್ ಟ್ರಸ್ಟ್ ಪ್ರಕರಣ ಬಂತು. ರಾಜಮಹಲ್ ವಿಲಾಸ ಬಡಾವಣೆಯಲ್ಲಿ ಉದ್ಯಾನಕ್ಕೆಂದು ಬಿಟ್ಟ ಜಾಗವನ್ನು ಮುಖ್ಯಮಂತ್ರಿಯ ಸೂಚನೆಯಂತೆ ಖಾಸಗಿ ನರ್ಸಿಂಗ್ ಹೋಮಿಗೆ ಹಂಚಲಾಗಿತ್ತು. ಬಡಾವಣೆಯ ನಿವಾಸಿಗಳು ಪ್ರಶ್ನಿಸಿದಾಗ ‘ಇವರಿಗೇನು ಹಕ್ಕು’ ಎಂಬ ವಾದವೇ ಮುಂದೆ ಬಂತು. ಉದ್ಯಾನ ಯಾರೊಬ್ಬರ ಸ್ವತ್ತೂ ಅಲ್ಲವಾದುದರಿಂದಲೇ ಅದು ಎಲ್ಲ ನಿವಾಸಿಗಳ ಹಿತ, ಅವರು ಕೇಳಬಹುದು ಎಂದು ಸರ್ವೋಚ್ಚ ನ್ಯಾಯಾಲಯವು ಹೇಳಿ ಹಂಚಿಕೆಯನ್ನು ರದ್ದುಗೊಳಿಸಿದ ತೀರ್ಪನ್ನು ಎತ್ತಿಹಿಡಿಯಿತು. ನರ್ಸಿಂಗ್ ಹೋಮೂ ಒಳ್ಳೆಯ ಕೆಲಸವಲ್ಲವೇ ಎಂಬ ಮಾತು ಅಲ್ಲಿ ನಡೆಯಲಿಲ್ಲ.

ಬಾಗಿಲು ಅಗಲವಾದಾಗ ಬೇಡದವರೂ ನುಗ್ಗಿದರು. ಸನ್ನದು ಸಿಗದ ಪ್ರತಿಸ್ಪರ್ಧಿಯೊಬ್ಬನು ತನ್ನ ಹೆಸರನ್ನು ಮರೆಮಾಡಿ, ಊರಿನ ಒಬ್ಬಿಬ್ಬರನ್ನು ಮುಂದೆ ಮಾಡಿ, ಸಾರ್ವಜನಿಕ ಹಿತದ ಸೋಗಿನಲ್ಲಿ ಅರ್ಜಿ ಹಾಕಿಸುವುದು ಹೊಸತೇನಲ್ಲ. 2010ರ ಬಲವಂತ ಸಿಂಗ್ ಚೌಫಾಲ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಇಂಥ ಅರ್ಜಿಗಳನ್ನು ಸೋಸಬೇಕೆಂದು ಎಲ್ಲ ಉಚ್ಚ ನ್ಯಾಯಾಲಯಗಳಿಗೆ ಮಾರ್ಗಸೂಚಿ ಕೊಟ್ಟಿತು. ಆದ್ದರಿಂದ ಊರಿನ ಹೋರಾಟಕ್ಕೆ ಇದ್ದಕ್ಕಿದ್ದಂತೆ ಯಾರಾದರೂ ವಕೀಲರ ಶುಲ್ಕ ಕೊಡಲು ಮುಂದೆ ಬಂದರೆ, ಆತನ ಸ್ವಂತ ಅಂಗಡಿ ಎಲ್ಲಿದೆಯೆಂದು ಮೊದಲು ವಿಚಾರಿಸುವುದು ಕ್ಷೇಮ. ಸಾಚಾ ಅಹವಾಲೂ ಅಂಥ ಹಣದ ಮೈಲಿಗೆಯಿಂದ ಬಿದ್ದುಹೋಗುತ್ತದೆ.

ನ್ಯಾಯಾಲಯಕ್ಕೆ ಹೋಗದವರ ಮೇಲೂ ನ್ಯಾಯಾಲಯದ ತೀರ್ಪು ಬಂದು ಬೀಳುತ್ತದೆ ಎಂಬುದಕ್ಕೆ ಹೆದ್ದಾರಿಯ ಮದ್ಯದಂಗಡಿಗಳ ಪ್ರಕರಣ ಸಾಕ್ಷಿ. ತಮಿಳುನಾಡಿನ ವಕೀಲ ಕೆ. ಬಾಲು ಅವರ ಹೋರಾಟದಿಂದ ಸರ್ವೋಚ್ಚ ನ್ಯಾಯಾಲಯಕ್ಕೆ ಹೋದ ವಿಚಾರದಲ್ಲಿ 2016ರ ಡಿಸೆಂಬರ್ 15ರಂದು ತೀರ್ಪಾಗಿ, ಹೆದ್ದಾರಿಗಳಿಂದ 500 ಮೀಟರಿನೊಳಗೆ ಮದ್ಯದಂಗಡಿಗಳು ಇರಬಾರದೆಂದಾಯಿತು. 2017ರ ಮಾರ್ಚ್ 31ರಂದು, 20,000 ಅಥವಾ ಅದಕ್ಕೂ ಕಡಿಮೆ ಜನಸಂಖ್ಯೆಯ ಸ್ಥಳೀಯ ಸಂಸ್ಥೆಗಳ ಪ್ರದೇಶದಲ್ಲಿ ಆ ದೂರವನ್ನು 220 ಮೀಟರಿಗೆ ಇಳಿಸಲಾಯಿತು. ಉದ್ದೇಶ ರಸ್ತೆ ಅಪಘಾತಗಳನ್ನು ತಪ್ಪಿಸುವುದು, ಅದು ಘನವಾದದ್ದೇ. ಆದರೆ ಹೆದ್ದಾರಿಯಿಂದ ಎದ್ದ ಅಂಗಡಿ ಆಕಾಶಕ್ಕೆ ಹೋಗಲಿಲ್ಲ. ಹಲವು ರಾಜ್ಯಗಳಲ್ಲಿ ಅವು ಊರೊಳಗಿನ ಓಣಿಗಳಿಗೆ, ಹೊಲದ ದಾರಿಗಳಿಗೆ ಸರಿದವು. ಅದೇ ವರ್ಷ ಅಲ್ಲಲ್ಲಿ ಹೆಂಗಸರು ಬೀದಿಗಿಳಿದರು. ಸಾವಿರಾರು ಅಂಗಡಿಗಳನ್ನು ಎಲ್ಲಿಂದ ಎಬ್ಬಿಸಬೇಕೆಂದು ವಿಚಾರಣೆಯಾದಾಗ, ಅವು ಎಲ್ಲಿ ಹೋಗಿ ಕೂರುತ್ತವೆಯೋ ಆ ಊರಿನವರ ಮಾತು ಕೇಳಿಬರಲಿಲ್ಲ.

ಹಾಗಾದರೆ ಊರಿಗೆ ಮೊದಲೇ ಕೇಳುವ ಏರ್ಪಾಡು ಇರಬಾರದೇ? ಇರುವಲ್ಲಿ ಇದೆ. ಇಂಗ್ಲೆಂಡಿನ 2003ರ ಸನ್ನದು ಕಾಯಿದೆಯಲ್ಲಿ ಅಂಗಡಿಯ ‘ಸಮೀಪ’ದಲ್ಲಿ ವಾಸಿಸುವವರು ಆಕ್ಷೇಪಣೆ ಸಲ್ಲಿಸಬಹುದೆಂದು ಇತ್ತು. ಸಮೀಪವೆಂದರೆ ಎಷ್ಟು ಗಜವೆಂಬ ಜಗಳವೇ ಬೆಳೆದಾಗ, 2011ರ ಕಾಯಿದೆಯೊಂದರ ಮೂಲಕ ಆ ಷರತ್ತನ್ನು ತೆಗೆದುಹಾಕಲಾಯಿತು. 2012ರಿಂದ ಅಲ್ಲಿ ಯಾರು ಬೇಕಾದರೂ ಆಕ್ಷೇಪಣೆ ಸಲ್ಲಿಸಬಹುದು, ಆದರೆ ಅದು ಕಾಯಿದೆ ಹೇಳಿದ ಕಾರಣಗಳ ಮೇಲಿರಬೇಕು. ಅಷ್ಟು ದೂರವೇಕೆ, ಕಲಬುರಗಿಯ ಗಡಿಗೆ ತಾಗಿಕೊಂಡಿರುವ ಮಹಾರಾಷ್ಟ್ರದಲ್ಲಿ ಊರಿನ ಮತದಾರರು ಗುಪ್ತಮತದಾನದಿಂದ ಮದ್ಯದಂಗಡಿಯನ್ನು ಮುಚ್ಚಿಸುವ ವ್ಯವಸ್ಥೆಯಿದೆ. ಮತಪತ್ರದಲ್ಲಿ ನಿಂತ ಬಾಟಲಿ, ಮಲಗಿದ ಬಾಟಲಿ ಎಂಬ ಎರಡು ಗುರುತುಗಳು. ಬಾಟಲಿಯನ್ನು ಮಲಗಿಸಿದ ಹೆಂಗಸರ ಸುದ್ದಿ ಗಡಿಯಾಚೆಯಿಂದ ಈಚೆಗೂ ಬಂದಿದೆ. ಕರ್ನಾಟಕದಲ್ಲಿ ಗ್ರಾಮಸಭೆಗೆ ಅಂಥ ನೇರ ಶಕ್ತಿ ಇಲ್ಲ. ಅಮಲುಪದಾರ್ಥಗಳ ನಿಯಂತ್ರಣವನ್ನು ಗ್ರಾಮಸಭೆಗೆ ಕೊಡುವ 1996ರ ಪೆಸಾ ಕಾಯಿದೆ ಅನ್ವಯಿಸುವುದು ಸಂವಿಧಾನದ ಐದನೆಯ ಅನುಸೂಚಿಯ ಪ್ರದೇಶಗಳಿಗೆ. ಕರ್ನಾಟಕದಲ್ಲಿ ಅಂಥ ಪ್ರದೇಶವೇ ಇಲ್ಲ, ಬೆಟ್ಟದ ಆದಿವಾಸಿ ಹಾಡಿಗಳೂ ಅದರ ಹೊರಗೇ ಉಳಿದಿವೆ. 2019ರ ಜನವರಿಯಲ್ಲಿ ಚಿತ್ರದುರ್ಗದಿಂದ ಬೆಂಗಳೂರಿಗೆ ಸಾವಿರಾರು ಹೆಂಗಸರು ಮದ್ಯನಿಷೇಧ ಕೇಳಿ ನಡೆದು ಬಂದದ್ದರ ಹಿಂದೆ ಈ ಕೊರತೆಯೂ ಇದೆ.

ಶಕ್ತಿಯಿಲ್ಲವೆಂದು ಗ್ರಾಮಸಭೆಯ ನಿರ್ಣಯವನ್ನು ವ್ಯರ್ಥವೆನ್ನಲಾಗದು. ಅದು ಸನ್ನದನ್ನು ನಿಲ್ಲಿಸಲಾರದು, ಆದರೆ ಊರು ಬಾಧಿತವಾಗಿದೆಯೆಂಬುದಕ್ಕೆ ದಿನಾಂಕವುಳ್ಳ ದಾಖಲೆಯಾಗುತ್ತದೆ. ಅರ್ಜಿದಾರಳು ಒಬ್ಬಳೇ ತಲೆಹಾಕುತ್ತಿಲ್ಲವೆಂದು ತೋರಿಸಲು ಅದಕ್ಕಿಂತ ಒಳ್ಳೆಯ ಕಾಗದವಿಲ್ಲ.

ಬೆಟ್ಟದ ಓದುಗರಿಗಾಗಿ ಒಂದು ಮಾತು. ಅಂಗಡಿಯ ಬದಲು ಗಣಿಯೋ ಅಣೆಕಟ್ಟೆಯೋ ಆದಾಗ ಪ್ರಶ್ನೆ ಬದಲಾಗುವುದಿಲ್ಲ. ಕುದುರೆಮುಖದ ಗಣಿಗಾರಿಕೆಯನ್ನು 2005ರ ಕೊನೆಗೆ ನಿಲ್ಲಿಸುವಂತೆ ಮಾಡಿದ 2002ರ ತೀರ್ಪು ನಿವೃತ್ತ ಅರಣ್ಯಾಧಿಕಾರಿ ಕೆ.ಎಂ. ಚಿಣ್ಣಪ್ಪನವರ ಹೆಸರಿನಲ್ಲಿದೆ. ಅವರ ಹೊಲವಾಗಲಿ ಮನೆಯಾಗಲಿ ಆ ಗಣಿಯಲ್ಲಿ ಹೋಗಿರಲಿಲ್ಲ. 2010ರ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಕಾಯಿದೆಯು ಬಾಧಿತ ವ್ಯಕ್ತಿಯೊಡನೆ ಪ್ರಾತಿನಿಧಿಕ ಸಂಘಟನೆಗಳಿಗೂ ಬಾಗಿಲು ತೆರೆದಿದೆ. ಆದರೆ ಪರಿಸರ ಅನುಮತಿಯ ವಿರುದ್ಧ ಮೇಲ್ಮನವಿಗೆ 30 ದಿನಗಳ ಗಡುವು, ಸಕಾರಣವಿದ್ದರೆ ಮತ್ತೆ 60 ದಿನ. ಅದರಾಚೆ ಎಷ್ಟು ದೊಡ್ಡ ಬೆಟ್ಟವಾದರೂ ಮೇಲ್ಮನವಿಯಿಲ್ಲ.

ನಿಂತು ಕೇಳುವ ಹಕ್ಕು ದೊರೆತ ಮಾತ್ರಕ್ಕೆ ಕೇಳಿದ್ದು ದೊರೆಯುವುದೂ ಇಲ್ಲ. ಆಂಧ್ರದ ಅಂದಿನ ಪಶ್ಚಿಮ ಗೋದಾವರಿ ಜಿಲ್ಲೆಯ ಧರ್ಮಾಜಿಗೂಡೆಂ ಊರಿನವರ ಕಥೆ ಇದಕ್ಕೆ ನಿದರ್ಶನ. ಪ್ರಾಥಮಿಕ ಆರೋಗ್ಯ ಕೇಂದ್ರಕ್ಕಾಗಿ ಊರವರು ವಂತಿಗೆ ಕೂಡಿಸಿದ್ದರು. ಆ ಕೇಂದ್ರ ಲಿಂಗಪಾಲೆಂ ಊರಿನ ಪಾಲಾಗುವಂತಾದಾಗ ವಂತಿಗೆಗೆ ಮುಂದಾಳಾಗಿದ್ದ ಗದ್ದೆ ವೆಂಕಟೇಶ್ವರ ರಾವ್ ನ್ಯಾಯಾಲಯಕ್ಕೆ ಹೋದರು. ಊರಿನ ಪರವಾಗಿ ಹಣ ಕೂಡಿಸಿದವರಿಗೆ ಕೇಳುವ ಹಕ್ಕಿದೆಯೆಂದು ಸರ್ವೋಚ್ಚ ನ್ಯಾಯಾಲಯವು ಒಪ್ಪಿತು. ಸರ್ಕಾರದ ಆದೇಶ ಅಕ್ರಮವೆಂಬುದನ್ನೂ ಒಪ್ಪಿತು. ಆದರೂ ಅದನ್ನು ರದ್ದುಮಾಡಲಿಲ್ಲ, ಏಕೆಂದರೆ ರದ್ದುಮಾಡಿದರೆ ಅದಕ್ಕೂ ಹಿಂದಿನ ಇನ್ನೊಂದು ಅಕ್ರಮ ಆದೇಶ ಮತ್ತೆ ಜೀವ ಪಡೆಯುತ್ತಿತ್ತು. ಎರಡು ಮಾತಿನಲ್ಲಿ ಗೆದ್ದು ಮೂರನೆಯದರಲ್ಲಿ ಸೋತ ಈ ಊರಿನ ಕಥೆಯನ್ನು, ಅರ್ಜಿ ಹಾಕಿದ ದಿನವೇ ಜಯಘೋಷ ಮಾಡುವವರು ಓದಿಕೊಳ್ಳಬೇಕು.

ಕೊನೆಗೆ ಕೆಲಸದ ಮಾತು. ಸನ್ನದಿನ ಆದೇಶದ ಪ್ರತಿ, ಸ್ಥಳಪರಿಶೀಲನೆಯ ವರದಿ, ಅಳತೆಯ ನಕ್ಷೆ ಇವು ಕೈಯಲ್ಲಿರದೆ ವಕೀಲರ ಬಳಿ ಹೋಗಿ ಪ್ರಯೋಜನವಿಲ್ಲ. 2005ರ ಮಾಹಿತಿ ಹಕ್ಕು ಕಾಯಿದೆಯಡಿ ಇವನ್ನು ಕೇಳಬಹುದು. ‘ನಿಮಗೇನು ಸಂಬಂಧ’ ಎಂದು ಕೇಳಲು ಅಧಿಕಾರಿಗೆ ಅಧಿಕಾರವಿಲ್ಲದ ಜಾಗ ಇದೊಂದು. ಮಾಹಿತಿ ಏಕೆ ಬೇಕೆಂದು ಅರ್ಜಿದಾರನು ಹೇಳಬೇಕಾದುದಿಲ್ಲವೆಂದು ಆ ಕಾಯಿದೆಯ 6ನೆಯ ಪ್ರಕರಣದಲ್ಲಿಯೇ ಇದೆ. ಶುಲ್ಕ 10 ರೂಪಾಯಿ, ಬಡತನ ರೇಖೆಯ ಕೆಳಗಿನವರಿಗೆ ಅದೂ ಇಲ್ಲ. ಉತ್ತರಕ್ಕೆ ಗಡುವು 30 ದಿನ. ಆ 30 ದಿನ ಕಾಯುವಾಗ ಆಕ್ಷೇಪಣೆಯ ಅರ್ಜಿಯನ್ನು ಜಿಲ್ಲಾಧಿಕಾರಿ ಹಾಗೂ ಅಬಕಾರಿ ಉಪ ಆಯುಕ್ತರಿಗೆ ಸಲ್ಲಿಸಿ ಸ್ವೀಕೃತಿ ಪಡೆದಿರಬೇಕು. ಕಾಯಿದೆಯಲ್ಲಿ ಮೇಲ್ಮನವಿಯ ದಾರಿಯಿದ್ದರೆ ಅದನ್ನು ಬಿಟ್ಟು ನೇರ ರಿಟ್ ಅರ್ಜಿ ಹಾಕಿದವರನ್ನು ಉಚ್ಚ ನ್ಯಾಯಾಲಯವು ಸಾಮಾನ್ಯವಾಗಿ ಹಿಂದಕ್ಕೆ ಕಳಿಸುತ್ತದೆ. ಅಂಗಡಿ ತೆರೆದು ಎರಡು ವರ್ಷ ಸುಮ್ಮನಿದ್ದು ಬಂದವರನ್ನೂ ಅಷ್ಟೆ.

ಒಂದು ಕಾಲಕ್ಕೆ ಗುಲಬರ್ಗಾ ಸೀಮೆಯವರು ರಿಟ್ ಅರ್ಜಿ ಹಾಕಬೇಕಾದರೆ ರಾತ್ರಿಯಿಡೀ ರೈಲಿನಲ್ಲಿ ಕುಳಿತು ಬೆಂಗಳೂರಿಗೆ ಹೋಗಬೇಕಿತ್ತು. ಪುಸ್ತಕದಲ್ಲಿ ಕೇಳುವ ಹಕ್ಕಿದ್ದರೂ ಟಿಕೆಟ್ಟಿಗೆ ಹಣವಿಲ್ಲದವನಿಗೆ ಆ ಹಕ್ಕಿರಲಿಲ್ಲ. 2008ರ ಜುಲೈಯಲ್ಲಿ ಇಲ್ಲಿ ಸಂಚಾರಿ ಪೀಠ ಬಂತು, 2013ರಲ್ಲಿ ಅದು ಕಾಯಂ ಪೀಠವಾಯಿತು. ಈಗ ಕೋಟನೂರದವರಿಗೆ ಉಚ್ಚ ನ್ಯಾಯಾಲಯವೆಂದರೆ ನಗರ ಸಾರಿಗೆಯ ಬಸ್ಸಿನ ದೂರ. ವಕೀಲರ ಶುಲ್ಕದ ಚಿಂತೆಯಿರುವವರಿಗೆ 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯಿದೆಯಿದೆ. ಅದರ 12ನೆಯ ಪ್ರಕರಣದಂತೆ ಹೆಂಗಸರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯದ ಮಿತಿಯನ್ನು ನೋಡದೆ ಉಚಿತ ಕಾನೂನು ನೆರವು ದೊರೆಯಬೇಕು. ಜಿಲ್ಲಾ ನ್ಯಾಯಾಲಯದಲ್ಲಿ ಅದರ ಕಚೇರಿಯಿದೆ, ತಾಲ್ಲೂಕುಗಳಲ್ಲಿ ಸಮಿತಿಗಳಿವೆ. ಹೋಗುವವರು ಸನ್ನದಿನ ಪ್ರತಿ, ಗ್ರಾಮಸಭೆಯ ನಿರ್ಣಯ, ಆಕ್ಷೇಪಣೆಯ ಸ್ವೀಕೃತಿ, ಮಗುವಿನ ಶಾಲೆಯ ಗುರುತಿನ ಚೀಟಿ ಅಥವಾ ವಾಸದ ಪುರಾವೆ, ಇಷ್ಟನ್ನು ಕಟ್ಟಿಕೊಂಡು ಹೋಗತಕ್ಕದ್ದು.